ತಗಡಪ್ಪನ ಮುಂದೆ ಬ್ರೇಕ್

ಫೆಬ್ರವರಿ 2, ಭಾನುವಾರ

ಮೆಣಸಿನಕಾಯಿಗೆ,

ನಿನ್ನೆ ಹನ್ನೊಂದು ಸಲ ಸತ್ತೆ. ನೀನು ಪಕ್ಕದ ಗೋಡೆಯ ಮರೆಯಲ್ಲಿ ನಿಂತು ಎಲ್ಲವನ್ನೂ ನೋಡಿದೆ, ಒಂದು ಮಾತಾಡಲಿಲ್ಲ. ಆಡುವ ಹಾಗೂ ಇಲ್ಲವಲ್ಲ. ಫೋನಿನಲ್ಲಿ ನಾನು ಕೂಗಾಡುತ್ತೇನೆ ಅಂತ ನಿನ್ನಮ್ಮ ಹಾಕಿದ ಕಟ್ಟಳೆಯನ್ನು ಗೋಡೆಗೆ ಅಂಟಿಸಿಕೊಂಡಿದ್ದೇನೆ. ಜೂನ್ ಮುಗಿಯುವ ತನಕ ಫೋನಿಲ್ಲ, ಭೇಟಿಯಿಲ್ಲ, ಕಾಗದ ಮಾತ್ರ. ಶನಿವಾರ ನಾಲ್ಕರಿಂದ ಐದರವರೆಗೆ ಅವರವರ ಮನೆಯಿಂದಲೇ ವಿಡಿಯೋ ಆಟ, ಅದೂ ಮೈಕ್ ಮುಚ್ಚಿ. 'ಬರೆಯುವಾಗಲಾದರೂ ಯೋಚನೆ ಮಾಡಲಿ' ಅಂದಳಂತೆ. ಯೋಚನೆ ಮಾಡಿಯೇ ಬರೆಯುತ್ತಿದ್ದೇನೆ: ಈ ನುಗ್ಗೇಟು ಅನ್ನುವ ವಿದ್ಯೆಯನ್ನು ಕಂಡುಹಿಡಿದವನು ಒಂದು ದಿನ ನನ್ನ ಬಸ್ಸು ಹತ್ತಲಿ, ಅವನು ಎಷ್ಟು ಗಂಟೆ ಹೊಡೆದರೂ ಇಳಿಸುವುದಿಲ್ಲ.

ನಾನು ಮಾಡುತ್ತಿರುವುದನ್ನು ಬರೆದು ತೋರಿಸುತ್ತೇನೆ, ತಪ್ಪೆಲ್ಲಿ ಹೇಳು. ಕೋಟೆ ಬಾಗಿಲಲ್ಲಿ ತಗಡಪ್ಪ ನಿಂತಿರುತ್ತಾನೆ. ಮೈತುಂಬ ಕಬ್ಬಿಣ, ಎದೆಗೆ ಎಷ್ಟು ಗುಂಡು ಹೊಡೆದರೂ ನಾಟುವುದಿಲ್ಲ. ಎಡಗೈ ಹೆಬ್ಬೆರಳು ಒತ್ತಿ ಹಿಡಿದರೆ ನನ್ನವನು ನೇರ ಅವನತ್ತ ಓಡುತ್ತಾನೆ, ಪರದೆಯ ಮೇಲಿನ ಕೆಂಪು ಪಟ್ಟಿ ತುಂಬುತ್ತಾ ಹೋಗುತ್ತದೆ. ಒಂದು ತೋಳಿನಷ್ಟು ದೂರ ಉಳಿದಾಗ, ಎಡಗೈ ಬಿಡದೆ, ಬಲಗೈ ಗುಂಡಿ ಒತ್ತಬೇಕು. ಆಗ ಅವನನ್ನು ಸೀಳಿಕೊಂಡು ಆಚೆ ಹೊರಡಬೇಕು. ಇಷ್ಟೇ ತಾನೆ? ನನ್ನವನು ಓಡುತ್ತಾನೆ, ಪಟ್ಟಿ ತುಂಬುತ್ತದೆ, ತಗಡಪ್ಪನ ಮುಂದೆ ಹೋಗಿ ನಿಂತುಬಿಡುತ್ತಾನೆ. ಟಿಕೆಟ್ ಕೇಳಲು ನಿಂತವನ ಹಾಗೆ. ತಗಡಪ್ಪ ಎರಡೂ ಕೈ ಮೇಲೆತ್ತಿ ಬಂದೂಕಿನ ಹಿಂಬದಿಯಿಂದ ನೆತ್ತಿಗೆ ಕುಟ್ಟುತ್ತಾನೆ.

ನೀನು ಹೇಳಿದೆ ಅಂತ ಎರಡು ತಿಂಗಳು ಗಳಿಸಿದ ಅಂಕವನ್ನೆಲ್ಲ ಈ ಒಂದು ವಿದ್ಯೆಗೇ ಸುರಿದಿದ್ದೇನೆ. ಅದು ವಾಪಸ್ ಬರುವುದಿಲ್ಲವಂತೆ. ಈಗ ನನಗೆ ಬಂದೂಕಿನ ಗುರಿಯೂ ಇಲ್ಲ, ಓಡಿ ತಪ್ಪಿಸಿಕೊಳ್ಳುವ ಕಾಲೂ ಇಲ್ಲ. ಕೈಯಲ್ಲಿ ಹಿಡಿಯುವ ಈ ಗುಂಡಿಗಳ ಕಂಟ್ರೋಲರೇ ಸರಿಯಿಲ್ಲ ಅಂತ ಅನುಮಾನ.

ಕುಟ್ಟಿಸಿಕೊಂಡು ನೆತ್ತಿ ನುಣ್ಣಗಾಗಿರುವ,
ನಿನ್ನ ಅಪ್ಪ


ಫೆಬ್ರವರಿ 10

ಅಪ್ಪ,

ಕುಣಿಯೋಕೆ ಬರದವಳು ನೆಲ ಡೊಂಕು ಅಂದ್ಳಂತೆ. ಕಂಟ್ರೋಲರ್ ಸರಿಯಾಗೇ ಇದೆ. ನೀನು ಹೆಬ್ಬೆರಳು ಎತ್ತುತಿದೀಯ. ಕೊನೇ ಗಳಿಗೇಲಿ, ಪ್ರತಿ ಸಲ. ಮೊನ್ನೆ ಶನಿವಾರ ಮತ್ತೆ ಒಂಬತ್ತು ಸಲ ಎತ್ತಿದೆ, ನಾನು ಎಣಿಸಿದೀನಿ.

ಗಮನ ಇಟ್ಟು ಓದು. ಮೇ 18ಕ್ಕೆ ಆಟದ ಹಾಲ್‌ನಲ್ಲಿ ಜೋಡಿ ಪಂದ್ಯ. ಇಬ್ಬಿಬ್ಬರು ಪಕ್ಕಪಕ್ಕದ ಕುರ್ಚೀಲಿ ಕೂತು ಆಡಬೇಕು. ಅಮ್ಮನ್ನ ಕೇಳಿ ಕೇಳಿ ಒಪ್ಪಿಸಿದೀನಿ: ನನ್ನ ಜೋಡಿ ನೀನೇ ಆದ್ರೆ, ಅವತ್ತೊಂದು ದಿನ ನೀನು ಬರಬಹುದು. ಜೋಡಿ ಹೆಸರು ಏಪ್ರಿಲ್ 30ರ ಒಳಗೆ ಬರೆದು ಕೊಡಬೇಕು. ಇಬ್ಬರಲ್ಲಿ ಒಬ್ಬರಿಗೆ ತಗಡಪ್ಪನ್ನ ಬೀಳಿಸೋಕೆ ಬರಲೇಬೇಕು, ಇಲ್ಲದಿದ್ರೆ ಮೊದಲ ಬಾಗಿಲಲ್ಲೇ ಮನೆಗೆ. ನಾನು ದೂರದಿಂದ ಗುರಿ ಹೊಡೆಯೋಳು, ನಂದು ಬೇರೆ ದಾರಿ. ನುಗ್ಗೋನು ನೀನೇ ಆಗಬೇಕು.

ಇದನ್ನ ಹೇಳಬಾರದು ಅಂತಿದ್ದೆ, ಆದ್ರೂ ಹೇಳ್ತೀನಿ. ಅಂಕಲ್ ಸುಮ್ನೆ ನೋಡ್ತೀನಿ ಅಂತ ಕೂತ್ರು, ನಾಲ್ಕೇ ದಿನಕ್ಕೆ ನುಗ್ಗೇಟು ಕಲಿತುಬಿಟ್ರು. ನಿನಗೆ ಬರದಿದ್ರೆ ಅವರ ಹೆಸರು ಬರೀಬೇಕಾಗತ್ತೆ. ಪಂದ್ಯ ಬಿಡೋಕೆ ನನಗಾಗಲ್ಲ ಅಪ್ಪ, ಎರಡು ವರ್ಷದಿಂದ ಕಾಯ್ತಿದೀನಿ.

ಹೆಬ್ಬೆರಳು ಎತ್ತಬೇಡ. ಅಷ್ಟೇ.

ಮೆಣಸು


ಮಾರ್ಚ್ 3

ಮೆಣಸಿನಕಾಯಿಗೆ,

ಅಂಕಲ್ ಕಲಿತರಂತೆ! ಯಾಕೆ ಕಲಿಯುವುದಿಲ್ಲ? ನಿನ್ನಮ್ಮನ ಹೊಸ ಯಜಮಾನರು ಹಲ್ಲಿನ ಡಾಕ್ಟರು. ಬಾಯಿ ತೆರೆದು ಕೂತವರ ಮೇಲೆ ಬೈರಿಗೆ ಹಿಡಿದು ನುಗ್ಗುವುದೇ ಅವರ ಕಸುಬು. ಅವರಿಗೆ ಇದು ನೀರು ಕುಡಿದಷ್ಟು ಸುಲಭ. ಇರಲಿ. ಆ ಮನುಷ್ಯನ ಮೇಲೆ ನನಗೇನೂ ಸಿಟ್ಟಿಲ್ಲ ಅಂತ ಬರೆದು ಹೊಡೆದುಹಾಕಿದ್ದೇನೆ ನೋಡು, ಸಿಟ್ಟಿದೆ.

ಬೆಳಗಿನ ಪಾಳಿ ಎರಡಕ್ಕೆ ಮುಗಿಯುತ್ತದೆ. ಊಟ ಮಾಡಿ ಮೂರರಿಂದ ಆರರವರೆಗೆ ದಿನಾ ಕೂರುತ್ತೇನೆ. ನಾಲ್ಕು ವಾರದಲ್ಲಿ ಒಂದೇ ಒಂದು ಸಲವೂ ಆಗಲಿಲ್ಲ. ರೋಸಿ ಹೋಗಿದೆ. ಮೊನ್ನೆ ಕಂಟ್ರೋಲರನ್ನು ಗೋಡೆಗೆ ಬೀಸಿದೆ. ಗೋಡೆಗೆ ಏನೂ ಆಗಲಿಲ್ಲ. ಕೈಲಾಗದವನು ಮೈ ಪರಚಿಕೊಂಡ ಅಂತಾರಲ್ಲ, ಅದು ನಾನೇ. ಒಡೆದದ್ದಕ್ಕೆ ಟೇಪು ಸುತ್ತಿದ್ದೇನೆ, ಒಂದು ಗುಂಡಿ ಕಿರುಗುಡುತ್ತದೆ.

ನನ್ನ ಕಂಡಕ್ಟರನ್ನು ಮನೆಗೆ ಕರೆದೆ. ಹದಿನೈದು ವರ್ಷದಿಂದ ನನ್ನ ಬೆನ್ನು ನೋಡಿಕೊಂಡೇ ಬಂದವನು, ತಪ್ಪು ಹಿಡಿಯಬಲ್ಲ ಅಂತ. ಅವನು ಆಟ ನೋಡಲಿಲ್ಲ. ನನ್ನ ಕುರ್ಚಿಯ ಕೆಳಗೆ ನೋಡಿದ.

"ಅಣ್ಣಾ, ಆ ಚಾಪೆ ಯಾಕೆ ಅಲ್ಲೊಂದು ಕಡೆ ಮಾತ್ರ ಸವೆದಿದೆ?"

ನೋಡಿದೆ. ಬಲಗಾಲಿನ ಕೆಳಗೆ, ಅಂಗೈಯಗಲ, ದಾರ ಎದ್ದಿದೆ.

"ಇನ್ನೊಂದ್ಸಲ ಓಡಿಸಿ," ಅಂದ. ಓಡಿಸಿದೆ. ತಗಡಪ್ಪ ಹತ್ತಿರ ಬಂದ. ಕಂಡಕ್ಟರ್ ತೊಡೆ ತಟ್ಟಿಕೊಂಡು ನಕ್ಕ. "ಬ್ರೇಕ್ ಹಾಕ್ತಿದೀರಲ್ಲ ಅಣ್ಣಾ! ಎದುರಿಗೆ ಆಳು ಕಂಡ ತಕ್ಷಣ ಕಾಲು ಒತ್ತುತ್ತೆ, ಕೈ ಬಿಡುತ್ತೆ!"

ಇಪ್ಪತ್ತೆರಡು ವರ್ಷ ಬಸ್ಸು ಓಡಿಸಿದ್ದೇನೆ ಮಗಳೇ. ಎದುರಿಗೆ ಬಂದವರ ಮೇಲೆ ನುಗ್ಗಬಾರದು ಅನ್ನುವುದೊಂದೇ ನಾನು ಕಲಿತ ವಿದ್ಯೆ. ನಿನ್ನ ಆಟ ನನ್ನನ್ನು ಅದನ್ನೇ ಮರೆ ಅನ್ನುತ್ತಿದೆ. ಕಾಲನ್ನು ಕುರ್ಚಿಗೆ ಕಟ್ಟಿ ನೋಡಿದೆ. ಮಂಚದ ಮೇಲೆ ಚಕ್ಕಳಮಕ್ಕಳ ಹಾಕಿ ನೋಡಿದೆ. ಕಣ್ಣು ಮುಚ್ಚಿ ಕೂಡ ಆಡಿದೆ, ಕಣ್ಣು ಮುಚ್ಚಿದರೂ ಅವನು ಹತ್ತಿರ ಬಂದದ್ದು ಕಾಲಿಗೆ ಗೊತ್ತಾಗುತ್ತದೆ. ಹುಟ್ಟುಗುಣ ಸುಟ್ಟರೂ ಹೋಗದು ಅಂತಾರೆ. ಇದು ಹುಟ್ಟುಗುಣವೂ ಅಲ್ಲ, ಸಂಬಳಕ್ಕೆ ಕಲಿತದ್ದು, ಅದೂ ಹೋಗುವುದಿಲ್ಲ.

ಆದರೂ ಬಿಡುವುದಿಲ್ಲ. ಆ ಕುರ್ಚಿ ನನ್ನದು.

ನಿನ್ನ ಅಪ್ಪ


ಮಾರ್ಚ್ 11

ಅಪ್ಪ,

ಅದು ಮನುಷ್ಯ ಅಲ್ಲ, ಬಣ್ಣ ಹಾಕಿದ ಚಿತ್ರ. ರಸ್ತೆ ಇಲ್ಲ, ಬಸ್ ಇಲ್ಲ, ಯಾರೂ ಸಾಯಲ್ಲ. ಎಷ್ಟು ಸಲ ಹೇಳೋದು? ಕೋಣನ ಮುಂದೆ ಕಿಂದರಿ ಬಾರಿಸಿದ ಹಾಗಾಯ್ತು.

ಶನಿವಾರ ನಿನ್ನ ಜೊತೆ ನಿಂತು ನಂಗೂ ಸಾಕಾಗಿದೆ. ನನ್ನ ಗೆಳತಿಯರೆಲ್ಲ ಮೂರನೇ ಕೋಟೆ ದಾಟಿದ್ರು. ನಾನು ಇನ್ನೂ ಮೊದಲನೇ ಬಾಗಿಲಲ್ಲಿ ನಿಂತು ನೀನು ಕುಟ್ಟಿಸಿಕೊಳ್ಳೋದು ನೋಡ್ತಿದೀನಿ.

ನೀನು ಎಲ್ಲದಕ್ಕೂ ಒಂದು ಕಾರಣ ಇಟ್ಕೊಂಡಿರ್ತೀಯ. ಕಂಟ್ರೋಲರ್ ಅಂತೆ, ಕಾಲಂತೆ, ಕೆಲಸವಂತೆ. ಫೋನಲ್ಲಿ ಕೂಗಿದ್ದಕ್ಕೂ ಪಾಳಿ ಮುಗಿಸಿ ತಲೆ ಕೆಟ್ಟಿತ್ತು ಅಂದೆ. ಅಂಕಲ್ ಏನೂ ಹೇಳಲ್ಲ, ಸುಮ್ನೆ ಮಾಡ್ತಾರೆ.

ಮೆಣಸು


ಮಾರ್ಚ್ 16

ಹಾಗಾದರೆ ಅಂಕಲ್ ಜೊತೆಗೇ ಆಡು. ನಾನು ಕೋಣ, ನನಗೆ ಕಿಂದರಿ ಕೇಳಿಸುವುದಿಲ್ಲ. ಹದಿನೈದು ವರ್ಷ ಸಾಕಿದವನಿಗಿಂತ ನಾಲ್ಕು ದಿನದಲ್ಲಿ ಗುಂಡಿ ಒತ್ತಲು ಕಲಿತವನು ಹೆಚ್ಚಾದ. ಒಳ್ಳೆಯದು. ಇಬ್ಬರೂ ಚೆನ್ನಾಗಿ ಆಡಿ, ಗೆಲ್ಲಿ.

ಅಪ್ಪ


ಏಪ್ರಿಲ್ 6, ಭಾನುವಾರ

ಮಗಳೇ,

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಬರೆದದ್ದು ಇನ್ನೂ ಕೆಟ್ಟದ್ದು, ನೀನು ಅದನ್ನು ಮತ್ತೆ ಮತ್ತೆ ಓದಬಹುದು. ಆ ಕಾಗದವನ್ನು ಹರಿದುಹಾಕು. ತಪ್ಪು ನನ್ನದು.

ಮೂರು ಶನಿವಾರ ನೀನು ಬರಲಿಲ್ಲ. ನಾನು ನಾಲ್ಕಕ್ಕೆ ಬಂದು ಐದರವರೆಗೂ ಕೋಟೆ ಗೋಡೆಯ ಪಕ್ಕ ನಿಂತಿದ್ದೆ. ಯಾರೋ ಇಬ್ಬರು ಗುರುತಿಲ್ಲದವರು ಬಂದು ನನ್ನ ಸುತ್ತ ಕುಣಿದು, ಗುಂಡು ಹೊಡೆದು ಹೋದರು. ಹೊಡೆಸಿಕೊಂಡೆ. ನೀನು ಬಂದಾಗ ನಾನಿರದಿದ್ದರೆ ಅನ್ನುವ ಭಯಕ್ಕೆ ಜಾಗ ಬಿಡಲಿಲ್ಲ.

ಕಾರಣ ಹೇಳಬೇಡ ಅಂದಿದ್ದೀಯ. ಇದೊಂದು ಹೇಳಿಬಿಡುತ್ತೇನೆ. ಇಷ್ಟು ದಿನ ಯಾರೂ ಕೇಳಲಿಲ್ಲ, ನಾನೂ ಬಾಯಿ ಬಿಡಲಿಲ್ಲ.

ನೀನು ಒಂದನೇ ಕ್ಲಾಸು. ಮಧ್ಯಾಹ್ನ ನಿನ್ನಮ್ಮ ನನಗೆ ಊಟದ ಡಬ್ಬಿ ತರುತ್ತಿದ್ದಳು, ರಜೆಯಿದ್ದರೆ ನೀನೂ ಬರುತ್ತಿದ್ದೆ. ಅವತ್ತು ಹಳದಿ ಟೋಪಿ ಹಾಕಿದ್ದೆ. ನಾನು ಬಸ್ಸನ್ನು ನಿಲ್ದಾಣದ ಒಳಗೆ ತಿರುಗಿಸುತ್ತಿದ್ದೆ, ತಡವಾಗಿತ್ತು, ವೇಗ ಸ್ವಲ್ಪ ಹೆಚ್ಚೇ ಇತ್ತು. ಡಬ್ಬಿ ನಾನೇ ಕೊಡುತ್ತೇನೆ ಅಂತ ಅಮ್ಮನ ಕೈ ಬಿಡಿಸಿಕೊಂಡು, ಗಾಜಿನಲ್ಲಿ ನನ್ನ ಮುಖ ನೋಡಿ ನಗುತ್ತಾ, ನೀನು ನೇರ ಮುಂದಕ್ಕೆ ಓಡಿ ಬಂದೆ. ಟೋಪಿ ಗಾಜಿನ ಕೆಳಗೆ ಮರೆಯಾಯಿತು. ಒಂದು ಗಳಿಗೆ ನನಗೆ ಏನೂ ಕಾಣಲಿಲ್ಲ.

ಎರಡೂ ಕಾಲಿನಲ್ಲಿ ಬ್ರೇಕ್ ತುಳಿದೆ. ಹಿಂದೆ ಜನ ಒಬ್ಬರ ಮೇಲೊಬ್ಬರು ಬಿದ್ದರು, ಮುಂದಿನ ಸೀಟಿನ ಅಜ್ಜಿಯ ಕನ್ನಡಕ ಮುರಿಯಿತು. ಅದಕ್ಕೆ ಕಚೇರಿಯಿಂದ ನನಗೆ ನೋಟಿಸೂ ಬಂತು. ಇಳಿದು ನೋಡಿದರೆ ನೀನು ನಿಂತೇ ಇದ್ದೆ. ಕಂಡಕ್ಟರ್ ಓಡಿ ಬಂದು, ಯಾಕೆಂದು ಅವನಿಗೂ ಗೊತ್ತಿಲ್ಲ, ಬಸ್ಸಿನ ಮೂತಿಗೂ ನಿನಗೂ ನಡುವೆ ತೋಳು ಚಾಚಿ ಅಳೆದ. ಒಂದು ತೋಳು, ಅಷ್ಟೇ.

ಆಮೇಲೆ ನಾನು ನಿನ್ನ ಕೆನ್ನೆಗೆ ಹೊಡೆದೆ. ಜನರೆದುರು ಕೂಗಾಡಿದೆ. ನಿನ್ನಮ್ಮ ನಿನ್ನನ್ನು ಎತ್ತಿಕೊಂಡು ಹೋದಳು. ನಾನು ಬಸ್ಸಿನ ಹಿಂದೆ ಹೋಗಿ ವಾಂತಿ ಮಾಡಿಕೊಂಡೆ. ಅಷ್ಟು ಹೆದರಿದ್ದೆ. ಹೆದರಿಕೆ ಅಂತ ಹೇಳಲು ಬರಲಿಲ್ಲ, ಕೂಗಲು ಬಂತು.

ಅಂದಿನಿಂದ ಒಂದು ತೋಳಿನ ದೂರದಲ್ಲಿ ಏನೇ ಬಂದರೂ ನನ್ನ ಕಾಲು ನನ್ನ ಮಾತು ಕೇಳುವುದಿಲ್ಲ. ಚಿತ್ರವಾದರೂ ಅಷ್ಟೇ.

ಶನಿವಾರ ನಾಲ್ಕಕ್ಕೆ ಅಲ್ಲೇ ಇರುತ್ತೇನೆ.

ಅಪ್ಪ


ಏಪ್ರಿಲ್ 14

ಅಪ್ಪ,

ಆ ದಿನ ನನಗೆ ನೆನಪಿದೆ. ಹೊಡೆದದ್ದು ನೆನಪಿದೆ, ಕೂಗಿದ್ದು ನೆನಪಿದೆ, ಜನ ನೋಡ್ತಾ ನಿಂತದ್ದೂ ನೆನಪಿದೆ. ಬಸ್ ನೆನಪಿಲ್ಲ. ನನ್ನ ಕೈಯಿಂದ ಡಬ್ಬಿ ಜಾರಿ ಊಟ ಎಲ್ಲ ನೆಲಕ್ಕೆ ಚೆಲ್ಲಿತ್ತು. ಊಟ ಚೆಲ್ಲಿದ್ದಕ್ಕೆ ನೀನು ಹೊಡೆದೆ ಅಂತ ಅಂದುಕೊಂಡಿದ್ದೆ. ಒಂಬತ್ತು ವರ್ಷದಿಂದ ಹಾಗೇ ಅಂದುಕೊಂಡಿದೀನಿ. ಡಬ್ಬಿ ಮುಚ್ಚಳ ಗಟ್ಟಿ ಇದೆಯಾ ಅಂತ ಈಗಲೂ ಎರಡೆರಡು ಸಲ ನೋಡ್ತೀನಿ.

ಅಮ್ಮನ್ನ ಕೇಳಿದೆ. ಬಟ್ಟೆ ಮಡಚ್ತಾ ಇದ್ದೋಳು ಮಡಚಿದ್ದನ್ನೇ ಮತ್ತೆ ಬಿಚ್ಚಿ ಮಡಚಿದ್ಳು. ಆಮೇಲೆ "ಹೌದು. ಅಷ್ಟೇ ದೂರ ಇತ್ತು. ನಿನ್ನ ಕೈ ಬಿಟ್ಟದ್ದು ನಾನು" ಅಂದ್ಳು.

ಈಗ ಆಟದ ಬಗ್ಗೆ ಬರೀತೀನಿ.

ನಿನ್ನೆ ಮೊನ್ನೆ ಒಂದು ಉಪಾಯ ಹೊಳೀತು. ನೀನು ತಗಡಪ್ಪನ್ನ ನೋಡಲೇಬೇಡ. ನಾನು ಕೋಟೆ ಹಿಂದಿನ ಕಿಟಕಿಯಿಂದ ಹಾರಿ ಅವನ ಬೆನ್ನ ಹಿಂದೆ ಹೋಗಿ ನಿಂತ್ಕೋತೀನಿ. ನಾನು ಪ್ರಯಾಣಿಕಳು, ಅದು ಸ್ಟಾಪು. ನೀನು ಸ್ಟಾಪಿಗೆ ಬಾ. ನಡುವೆ ಯಾರೂ ಇಲ್ಲ ಅಂದ್ಕೋ. ಶನಿವಾರ ಮಾಡಿ ನೋಡೋಣ. ಇನ್ನು ಎರಡೇ ಶನಿವಾರ ಉಳಿದಿದೆ.

ಮೆಣಸು


ಏಪ್ರಿಲ್ 20, ಭಾನುವಾರ

ಮೆಣಸಿನಕಾಯಿಗೆ,

ಆಗಲಿಲ್ಲ. ಏಳು ಸಲ ನೀನು ಅವನ ಬೆನ್ನ ಹಿಂದೆ ನಿಂತೆ, ಏಳು ಸಲ ನಾನು ಅದೇ ಜಾಗದಲ್ಲಿ ನಿಂತೆ. ಮೊದಲೆಲ್ಲ ನಾನೊಬ್ಬನೇ ಸಾಯುತ್ತಿದ್ದೆ, ಈಗ ಅವನು ನನ್ನನ್ನು ಕುಟ್ಟಿ ಮುಗಿಸಿ, ಹಿಂದಕ್ಕೆ ತಿರುಗಿ ನಿನ್ನನ್ನೂ ಹೊಡೆಯುತ್ತಾನೆ. ಏಳು ಸಲ ನೀನು ಬಿದ್ದದ್ದು ನೋಡಿದೆ. ಬಂದೂಕು ಕೆಳಗಿಟ್ಟು, ನಾನು ಬರುತ್ತೇನೆ ಅಂತ ಸುಮ್ಮನೆ ಕಾಯುತ್ತಾ ನಿಂತಿದ್ದೆಯಲ್ಲ, ಅದನ್ನು ನೋಡಲಾಗಲಿಲ್ಲ.

ಸಿಟ್ಟೂ ಬರುತ್ತಿಲ್ಲ ಈಗ, ಬರೀ ಬೇಸರ. ದಿನಾ ಮೂರು ಗಂಟೆ, ಎರಡೂವರೆ ತಿಂಗಳು. ಇಷ್ಟು ಹೊತ್ತಿಗೆ ಕಲ್ಲಿಗೂ ನುಗ್ಗಲು ಕಲಿಸಬಹುದಿತ್ತು. ಕಂಡಕ್ಟರ್ ಕೂಡ ಕೈಚೆಲ್ಲಿದ. "ಬೇರೆಯವರು ಆಡೋದನ್ನ ನಾನೂ ನೋಡಿದೆ ಅಣ್ಣಾ. ತಪ್ಪಿದವರಿಗೆಲ್ಲ ತಗಡಪ್ಪ ಗುಂಡು ಹೊಡೀತಾನೆ. ನಿಮ್ಮೊಬ್ಬರಿಗೇ ಕುಟ್ಟೋದು. ನಿಮ್ಮ ಮೇಲೆ ಅದೇನು ಪ್ರೀತಿಯೋ," ಅಂದ. ಅವನಿಗೆ ತಮಾಷೆ.

ಹಲ್ಲಿನ ಡಾಕ್ಟರ ಹೆಸರು ಬರಿ. ಸಿಟ್ಟಿನಿಂದ ಹೇಳುತ್ತಿಲ್ಲ. ನೀನು ಎರಡು ವರ್ಷದಿಂದ ಕಾಯುತ್ತಿದ್ದೀಯ, ನನ್ನ ಒಂದು ಕಾಲಿನಿಂದಾಗಿ ಅದು ಹಾಳಾಗಬಾರದು. ಆ ಕುರ್ಚಿಯಲ್ಲಿ ಅವರು ಕೂತರೆ ನನ್ನ ಹೊಟ್ಟೆ ಉರಿಯುತ್ತದೆ. ಉರಿಯಲಿ. ಜುಲೈನಲ್ಲಿ ನೋಡೋಣ ನಿನ್ನನ್ನು.

ಮುಂದಿನ ಶನಿವಾರವೂ ಬರುತ್ತೇನೆ. ಅಭ್ಯಾಸಕ್ಕಲ್ಲ, ನಾಲ್ಕು ಗಂಟೆಗೆ ಬೇರೆಲ್ಲಿಗೆ ಹೋಗಲಿ?

ಅಪ್ಪ


ಏಪ್ರಿಲ್ 27, ಭಾನುವಾರ

ಅಪ್ಪ,

ನಿನ್ನೆ ತಗಡಪ್ಪ ಬಿದ್ದಾಗ ನೀನು ಸುತ್ತಮುತ್ತ ನೋಡ್ತಾ ನಿಂತಿದ್ದೆಯಲ್ಲ, ಯಾರು ಹೊಡೆದ್ರು ಅಂತ, ನಂಗೆ ನಕ್ಕು ನಕ್ಕು ಕಂಟ್ರೋಲರ್ ಕೈಬಿಟ್ಟು ಹೋಯ್ತು. ಮೈಕ್ ಮುಚ್ಚಿತ್ತು, ನಿಂಗೆ ಕೇಳಿಸಲಿಲ್ಲ. ಹೊಡೆದದ್ದು ನಾನು.

ನಿನ್ನ ಕಂಡಕ್ಟರ್ ಮಾಮ ಹೇಳಿದ್ದು ಓದಿದ ಮೇಲೆ ತಲೇಲಿ ಹುಳ ಬಿಟ್ಟ ಹಾಗಾಯ್ತು. ನಿಂಗೊಬ್ಬಂಗೇ ಯಾಕೆ ಕುಟ್ತಾನೆ? ಯಾಕಂದ್ರೆ ಅವನ ಮುಂದೆ ಯಾರೂ ನಿಲ್ಲಲ್ಲ. ಎಲ್ಲರೂ ನುಗ್ತಾರೆ, ಇಲ್ಲಾ ದೂರದಲ್ಲೇ ಹೆದರಿ ಪಕ್ಕಕ್ಕೆ ಹಾರ್ತಾರೆ. ಒಂದು ತೋಳಿನಷ್ಟು ಹತ್ತಿರ ಹೋಗಿ ನಿಂತವನು ನೀನೊಬ್ಬನೇ. ಅಷ್ಟು ಹತ್ತಿರ ನಿಂತ್ರೆ ಅವನು ಎರಡೂ ಕೈ ಮೇಲೆತ್ತುತಾನೆ. ಕೈ ಎತ್ತಿದಾಗ ಬೆನ್ನ ಮೇಲಿನ ತಗಡು ಸರಿಯತ್ತೆ. ಒಳಗಡೆ ಕಬ್ಬಿಣ ಇಲ್ಲ. ಮುಂದಿನಿಂದ ಇದು ಯಾರಿಗೂ ಕಾಣಲ್ಲ. ಏಳು ಸಲ ನಾನು ಹಿಂದೆ ನಿಂತಿದ್ದೆ, ಕಂಡೂ ಇತ್ತು, ಆದ್ರೆ ನೀನು ಬರ್ತೀಯ ಅಂತ ನಿನ್ನನ್ನೇ ನೋಡ್ತಿದ್ದೆ. ನಿನ್ನೆ ಬಂದೂಕು ಕೆಳಗಿಡಲಿಲ್ಲ.

ಆರು ಸಲ ಮಾಡಿದ್ವಿ, ಆರು ಸಲವೂ ಬಿದ್ದ. ನೀನು ಆರು ಸಲವೂ ಒಂದು ಕೂದಲಿನಷ್ಟೂ ಆಚೀಚೆ ಆಗದೆ ಅದೇ ಜಾಗದಲ್ಲಿ ನಿಂತೆ. ಅಂಕಲ್‌ಗೆ ಹೇಳಿ ಅವರೂ ಮಾಡಿ ನೋಡಿದ್ರು. ಅವರಿಗೆ ನಿಲ್ಲೋಕೆ ಬರಲ್ಲ. ಒಂದ್ಸಲ ದೂರ, ಒಂದ್ಸಲ ನೇರ ಒಳಗೆ. "ಇದು ನನ್ನ ಕೈಲಾಗೋದಲ್ಲಮ್ಮ, ನಿಮ್ಮಪ್ಪಂಗೇ ಸರಿ" ಅಂತ ಎದ್ದು ಹೋದ್ರು. ಇದನ್ನ ಓದಿ ನಿನಗೆ ಖುಷಿ ಆಗತ್ತೆ ಅಂತ ಗೊತ್ತು, ಅದಕ್ಕೇ ಬರೆದೆ.

ಜೋಡಿ ಹೆಸರು ಬರೆದು ಕೊಟ್ಟಾಯ್ತು. ನಿಂದೇ. ಮೇ 18, ಬೆಳಗ್ಗೆ ಹತ್ತು ಗಂಟೆ. ಬಲಗಡೆ ಕುರ್ಚಿ ನಿಂಗೆ, ಅಲ್ಲಿ ಕಾಲು ಚಾಚೋಕೆ ಜಾಗ ಇದೆ. ಬ್ರೇಕ್ ಎಷ್ಟು ಬೇಕಾದ್ರೂ ಒತ್ಕೋ. ಟೇಪ್ ಸುತ್ತಿದ ಕಂಟ್ರೋಲರ್ ತರಬೇಡ, ಮರ್ಯಾದೆ ಹೋಗತ್ತೆ.

ಹಾಲ್‌ನಲ್ಲಿ ತುಂಬ ಗಲಾಟೆ ಇರತ್ತೆ. ನಾವು ಸೋಲಬಹುದು. ನೀನು ಕೂಗೇ ಕೂಗ್ತೀಯ, ನಂಗೊತ್ತು. ಅಮ್ಮನಿಗೂ ಹೇಳಿಟ್ಟಿದೀನಿ. ಕೂಗು ಅಪ್ಪ. ಆದ್ರೆ ಯಾಕೆ ಕೂಗಿದೆ ಅಂತ ಅವತ್ತೇ ಹೇಳಿಬಿಡು. ಒಂಬತ್ತು ವರ್ಷ ಕಾಯಿಸಬೇಡ.

ಸ್ಟಾಪಿನಲ್ಲಿ ನಿಂತಿರ್ತೀನಿ,
ಮೆಣಸು